ದೀಪವನ್ನು ಚಾವಣಿಗೆ ತಿರುಗಿಸಿದ ದಿನ

ಪ್ಯಾರಿಸ್ಸಿನಲ್ಲಿ ಓದುತ್ತಿದ್ದಾಗ ಕಿರುಚಿತ್ರವೊಂದಕ್ಕೆ ಕ್ಯಾಮೆರಾ ಹಿಡಿದಿದ್ದೆ. ಆರನೇ ಮಹಡಿಯಲ್ಲಿ, ಇಳಿಜಾರು ಚಾವಣಿಯ ಪುಟ್ಟ ಕೋಣೆ. ಹಿಂದಿನ ಕಾಲದಲ್ಲಿ ಮನೆಗೆಲಸದವರು ಮಲಗುತ್ತಿದ್ದ ಜಾಗ. ಮಂಚ, ಮೇಜು, ಇಬ್ಬರು ನಟರು. ಇದ್ದ ಜಾಗದಲ್ಲೇ ಮೂರು ಲೈಟ್ ಸ್ಟ್ಯಾಂಡ್ ನಿಲ್ಲಿಸಿದೆ. ನಟಿ ಕಿಟಕಿಯಿಂದ ಮಂಚದ ಕಡೆ ನಡೆದರೆ ಗೋಡೆಯ ಮೇಲೆ ಮೂರು ನೆರಳು ನಡೆಯುತ್ತಿದ್ದವು. ನೆಲಕ್ಕೆ ಟೇಪ್ ಅಂಟಿಸಿ, ಅದನ್ನು ದಾಟಬೇಡ ಎಂದೆ. ಆಕೆ ಮಾತು ಮರೆತು ಟೇಪನ್ನೇ ನೋಡತೊಡಗಿದಳು. ಮೊದಲ ದಿನ ಹಾಗೆಯೇ ಹಾಳಾಯಿತು.

ಆ ರಾತ್ರಿ ನೆನಪಾದವರು ರವೂಲ್ ಕುತಾರ್. 1924ರಲ್ಲಿ ಪ್ಯಾರಿಸ್ಸಿನಲ್ಲಿ ಹುಟ್ಟಿದ ಈ ಛಾಯಾಗ್ರಾಹಕರು ಸಿನಿಮಾಕ್ಕೆ ಬಂದದ್ದು ವಿಯೆಟ್ನಾಂ ಮತ್ತು ಸುತ್ತಲಿನ ಫ್ರೆಂಚ್ ವಸಾಹತಾಗಿದ್ದ ಇಂಡೋಚೀನಾದ ಯುದ್ಧವನ್ನು ಫೋಟೋಗಳಲ್ಲಿ ಹಿಡಿದ ಮೇಲೆ. ಓಡುವ ಸೈನಿಕನನ್ನು ಗುರುತು ಹಾಕಿದ ಜಾಗದಲ್ಲಿ ನಿಲ್ಲಿಸಲಾಗುವುದಿಲ್ಲ. ಇದ್ದ ಬೆಳಕಿನಲ್ಲಿ ಅವನ ಹಿಂದೆ ಹೋಗಬೇಕು. 1959ರಲ್ಲಿ ನಿರ್ದೇಶಕ ಗೊದಾರ್ ಅವರ 'ಬ್ರೆತ್‌ಲೆಸ್' ಚಿತ್ರೀಕರಿಸುವಾಗ ಅವರು ಮಾಡಿದ್ದು ಇದನ್ನೇ. ಇಕ್ಕಟ್ಟಾದ ಹೋಟೆಲ್ ಕೋಣೆಯಲ್ಲಿ ಕ್ಯಾಮೆಫ್ಲೆಕ್ಸ್ ಕ್ಯಾಮೆರಾವನ್ನು ಕೈಯಲ್ಲೇ ಹಿಡಿದರು. ಕ್ಯಾಮೆರಾ ಸಾಗಿಸಲು ಟ್ರಾಲಿಯ ಬದಲು ಗಾಲಿಕುರ್ಚಿ. ರಾತ್ರಿಯ ದೃಶ್ಯಗಳಿಗೆ, ಕಡಿಮೆ ಬೆಳಕಿನಲ್ಲೂ ಚಿತ್ರ ಹಿಡಿಯಬಲ್ಲ, ಫೋಟೋ ತೆಗೆಯುವ ಇಲ್‌ಫೋರ್ಡ್ ಎಚ್‌ಪಿಎಸ್ ಫಿಲ್ಮ್. ಅದು ಬರುತ್ತಿದ್ದದ್ದು 17.5 ಮೀಟರಿನ ಸುರುಳಿಗಳಲ್ಲಿ. ಒಂದೊಂದೂ ಓಡುವುದು ನಲವತ್ತು ಸೆಕೆಂಡಿಗೂ ಕಡಿಮೆ. ಅವುಗಳನ್ನು ಜೋಡಿಸಿಕೊಂಡೇ ಚಿತ್ರೀಕರಿಸಿದರು. ಆ ಕ್ಯಾಮೆರಾದ ಸದ್ದು ವಿಪರೀತ, ಮಾತುಗಳನ್ನು ಆಮೇಲೆ ಡಬ್ ಮಾಡಬೇಕಾಯಿತು. ನಂತರ ಜಿನೀವಾದಲ್ಲಿ ತೆಗೆದ ಚಿತ್ರದಲ್ಲಿ ಬಲ್ಬುಗಳ ಬೆಳಕನ್ನು ಚಾವಣಿಗೆ ಹಾಯಿಸಿ ಇಡೀ ಕೋಣೆಯನ್ನು ಬೆಳಗಿದರು. ನನಗೆ ಬೇಕಿದ್ದುದು ಅದೇ.

ಮರುದಿನ ಸ್ಟ್ಯಾಂಡ್‌ಗಳನ್ನೆಲ್ಲ ಹೊರಗಿಟ್ಟೆ. ಚಾವಣಿಯ ಬಣ್ಣ ಹಳದಿಗಟ್ಟಿತ್ತು, ಬೆಳಕೂ ಹಳದಿಯಾಗಿಯೇ ಮರಳುತ್ತದೆ. ಬಿಳಿ ಹಾಳೆಗಳನ್ನು ಅಂಟಿಸಿದೆ. ಪುಸ್ತಕದ ಕಪಾಟಿನ ಮೇಲಿಂದ ಎರಡು ದೀಪಗಳನ್ನು ಮೇಲ್ಮುಖವಾಗಿ ಹೊತ್ತಿಸಿದೆ. ನೆರಳು ಮಾಯವಾಯಿತು, ಆದರೆ ಕಣ್ಣುಗಳು ಗುಳಿಬಿದ್ದಂತೆ ಕಪ್ಪಾದವು. ನೆತ್ತಿಯ ಮೇಲಿಂದ ಬೆಳಕು ಸುರಿದರೆ ಹೀಗೇ ಆಗುತ್ತದೆ. ದೀಪಗಳನ್ನು ಕಿಟಕಿಯ ಬದಿಗೆ ಸರಿಸಿ, ಚಾವಣಿ ಇಳಿದು ಗೋಡೆಗೆ ಸೇರುವ ಕಡೆಗೆ ತಿರುಗಿಸಿದೆ. ಆ ಇಳಿಜಾರು ಬೆಳಕನ್ನು ಮುಖದ ಮಟ್ಟಕ್ಕೆ ತಂದಿತು. ಕಿಟಕಿಯಿಂದಲೇ ಬಂದಂತೆ ಕಾಣಿಸಿತು. ಹಿಂದಿನ ದಿನ ಅದೇ ಚಾವಣಿಗೆ ತಲೆ ತಗುಲಿದಾಗಲೆಲ್ಲ ಬೈದುಕೊಂಡಿದ್ದೆ.

ಕೋಣೆಯ ಹೊರಗಿನ ಕಾರಿಡಾರಿನ ದೃಶ್ಯಕ್ಕೆ ಗಾಲಿಕುರ್ಚಿಯನ್ನೂ ತಂದೆವು. ಹಲಗೆಯ ನೆಲದಲ್ಲಿ ಅದು ಕುಲುಕಿತು. ಚಕ್ರದ ಗಾಳಿ ಸ್ವಲ್ಪ ಇಳಿಸಿದ ಮೇಲೆ ಸರಿಹೋಯಿತು.

ಕುತಾರ್ ಮುಂದೆ ವಿಯೆಟ್ನಾಮಿನ ಮಕ್ಕಳ ಕಥೆಯಾದ 'ಹೋವಾ ಬಿನ್' ಚಿತ್ರವನ್ನು 1970ರಲ್ಲಿ ತಾವೇ ನಿರ್ದೇಶಿಸಿದರು. ಯುದ್ಧದ ನೆಲವನ್ನು ಅವರು ಮರೆತಿರಲಿಲ್ಲ ಎಂಬುದು ನನಗೆ ಅವರ ಪ್ರಶಸ್ತಿಗಳಿಗಿಂತ ದೊಡ್ಡ ಸಂಗತಿ. 2016ರಲ್ಲಿ ತೀರಿಕೊಂಡರು.

ನಾಲ್ಕನೇ ಟೇಕ್‌ನಲ್ಲಿ ನಟಿ ಮಂಚದವರೆಗೆ ಬರಲೇ ಇಲ್ಲ. ನಡುವೆಯೇ ನೆಲದ ಮೇಲೆ ಕುಳಿತು, ಗೋಡೆಗೊರಗಿ ಮಾತು ಮುಂದುವರಿಸಿದಳು. ನಾನೂ ಕ್ಯಾಮೆರಾದೊಂದಿಗೆ ಮಂಡಿಯೂರಿದೆ. ಫೋಕಸ್ ಒಂದು ಕ್ಷಣ ತಪ್ಪಿತು. ಚಿತ್ರದಲ್ಲಿ ಉಳಿದದ್ದು ಆ ಟೇಕೇ.