ಒಂದೇ ಬಿಲ್ಲೆಗೆ ಎರಡು ಉತ್ತರ: ನಾನು ಡೈನಮಿಕ್ಸ್ ಕಲಿತ ಬಗೆ

ಡೈನಮಿಕ್ಸ್, ಅಂದರೆ ಬಲಗಳಿಂದ ಚಲನೆ ಹೇಗೆ ಬದಲಾಗುತ್ತದೆ ಎನ್ನುವ ವಿಷಯದ ಪುಸ್ತಕ ಹಿಡಿದ ಮೊದಲ ಎರಡು ತಿಂಗಳು ನಾನು ಬಿಡಿಸಿಟ್ಟ ಲೆಕ್ಕಗಳನ್ನೇ ಓದಿದೆ. ಓದುವಾಗ ಎಲ್ಲಾ ಅರ್ಥವಾಗುತ್ತಿತ್ತು. ಅಧ್ಯಾಯದ ಕೊನೆಯ ಲೆಕ್ಕಕ್ಕೆ ಬಂದರೆ ಮೊದಲ ಸಾಲೇ ಹೊಳೆಯುತ್ತಿರಲಿಲ್ಲ. ಕಣಗಳ ಚಲನೆ ಹೇಗೋ ದಾಟಿತು. ರಿಜಿಡ್ ಬಾಡಿ (ಆಕಾರ ಬದಲಾಗದ, ಸಾಗುತ್ತಲೇ ತಿರುಗಲೂ ಬಲ್ಲ ಕಾಯ) ಬಂದಾಗ ಪೂರ್ತಿ ನಿಂತುಬಿಟ್ಟೆ.

ನಿಲ್ಲಿಸಿದ್ದು ಇಂಥ ಒಂದು ಲೆಕ್ಕ. 10 ಕೆಜಿಯ ಬಿಲ್ಲೆ 30 ಡಿಗ್ರಿ ಇಳಿಜಾರಿನಲ್ಲಿ ಜಾರದೆ ಉರುಳುತ್ತದೆ. ಸ್ಥಿರ ಘರ್ಷಣೆಯ ಗುಣಾಂಕ 0.4. ವೇಗೋತ್ಕರ್ಷ ಎಷ್ಟು? ಅಭ್ಯಾಸಬಲದಿಂದ ಗುಣಾಂಕವನ್ನು ಲಂಬ ಪ್ರತಿಕ್ರಿಯೆಯಿಂದ, ಅಂದರೆ ಇಳಿಜಾರು ಬಿಲ್ಲೆಯನ್ನು ತನ್ನ ಮೇಲ್ಮೈಗೆ ಲಂಬವಾಗಿ ತಳ್ಳುವ ಬಲದಿಂದ ಗುಣಿಸಿದೆ. ಘರ್ಷಣೆ 34 ನ್ಯೂಟನ್ ಬಂತು. ಇಳಿಜಾರಿನ ಉದ್ದಕ್ಕೂ ಬಲಗಳನ್ನು ಕೂಡಿದರೆ ವೇಗೋತ್ಕರ್ಷ 1.51. ಅದೇ ಘರ್ಷಣೆಯ ಟಾರ್ಕ್‌ನಿಂದ (ತಿರುಗಿಸುವ ಪರಿಣಾಮದಿಂದ) ಕೋನೀಯ ವೇಗೋತ್ಕರ್ಷ ಕಂಡುಹಿಡಿದು ತ್ರಿಜ್ಯದಿಂದ ಗುಣಿಸಿದರೆ 6.8! ಜಾರದೆ ಉರುಳಿದರೆ ಇವೆರಡೂ ಒಂದೇ ಆಗಬೇಕು, ಅಲ್ವಾ?

ಎರಡು ದಿನ ಅದೇ ಹಾಳೆ ಮುಂದಿಟ್ಟುಕೊಂಡು ಕೂತೆ. ಕೊನೆಗೆ ಗೊತ್ತಾಯಿತು: 34 ಎನ್ನುವುದು ಘರ್ಷಣೆ ಕೊಡಬಲ್ಲ ಗರಿಷ್ಠ ಬಲ, ಅಷ್ಟೇ. ನಿಜವಾಗಿ ಎಷ್ಟು ಕೊಡುತ್ತಿದೆ ಎನ್ನುವುದು ನಾವೇ ಕಂಡುಹಿಡಿಯಬೇಕಾದದ್ದು. ಅದನ್ನು ಗೊತ್ತಿಲ್ಲದ ಸಂಖ್ಯೆಯಾಗಿ ಇಟ್ಟು, ಬಲದ ಸಮೀಕರಣ, ಟಾರ್ಕ್ ಸಮೀಕರಣ, ಉರುಳುವ ಷರತ್ತು ಮೂರನ್ನೂ ಸೇರಿಸಿದೆ. ಘರ್ಷಣೆ 16.35 ನ್ಯೂಟನ್, ವೇಗೋತ್ಕರ್ಷ 3.27. ಈ ಘರ್ಷಣೆ 34ಕ್ಕಿಂತ ಕಡಿಮೆ, ಹಾಗಾಗಿ ಬಿಲ್ಲೆ ಜಾರುವುದಿಲ್ಲ. ಇಳಿಜಾರು ಸುಮಾರು 50 ಡಿಗ್ರಿ ದಾಟಿದರೆ ಮಾತ್ರ ಜಾರುತ್ತದೆ. ಆಗ ಉರುಳುವ ಷರತ್ತನ್ನು ಬಿಟ್ಟು, ಚಲನ ಘರ್ಷಣೆಯ ಗುಣಾಂಕ ಹಾಕಬೇಕು.

ಅಲ್ಲಿಂದ ನನ್ನ ಓದುವ ರೀತಿಯೇ ಬದಲಾಯಿತು. ಬಿಡಿಸಿದ ಲೆಕ್ಕದ ಪ್ರಶ್ನೆ ಮಾತ್ರ ಓದಿ ಉಳಿದದ್ದನ್ನು ಹಾಳೆಯಿಂದ ಮುಚ್ಚುತ್ತಿದ್ದೆ. ಸಿಕ್ಕಿಕೊಂಡರೆ ಒಂದು ಸಾಲು ಮಾತ್ರ ನೋಡಿ ಮತ್ತೆ ಮುಚ್ಚುತ್ತಿದ್ದೆ. ಪ್ರತಿ ಲೆಕ್ಕಕ್ಕೂ ಎರಡು ಚಿತ್ರ. ಎಡಕ್ಕೆ ಫ್ರೀ ಬಾಡಿ ಡಯಾಗ್ರಾಂ, ಅಂದರೆ ಕಾಯವನ್ನು ಬೇರೆಯಾಗಿ ಬಿಡಿಸಿದ ಚಿತ್ರ; ಅದರಲ್ಲಿ ಬಲಗಳು ಮಾತ್ರ. ನಡುವೆ ಸಮ ಚಿಹ್ನೆ. ಬಲಕ್ಕೆ ಅದೇ ಕಾಯ, ಅದರ ಮೇಲೆ ದ್ರವ್ಯರಾಶಿ ಗುಣಿಸಿದ ವೇಗೋತ್ಕರ್ಷ, ಜಡತ್ವ ಭ್ರಮಣಾಂಕ (ತಿರುಗುವಿಕೆಯನ್ನು ಬದಲಿಸಲು ಕಾಯ ಒಡ್ಡುವ ವಿರೋಧದ ಅಳತೆ) ಗುಣಿಸಿದ ಕೋನೀಯ ವೇಗೋತ್ಕರ್ಷ. ಎರಡನೇ ಚಿತ್ರವನ್ನು ತುಂಬಾ ಜನ ಬಿಟ್ಟುಬಿಡುತ್ತಾರೆ. ನನ್ನ ಚಿಹ್ನೆಯ ತಪ್ಪುಗಳು ಜಾಸ್ತಿ ಸಿಕ್ಕಿದ್ದು ಅಲ್ಲೇ.

ಉತ್ತರ ಸರಿಯೇ ಎಂದು ನೋಡಲು ಪುಸ್ತಕದ ಹಿಂದಿನ ಪುಟ ತಿರುಗಿಸುವ ಬದಲು ಶಕ್ತಿಯ ದಾರಿ ಹಿಡಿದೆ. ನಿಂತಲ್ಲಿಂದ ಹೊರಟ ಬಿಲ್ಲೆ ಇಳಿಜಾರಿನಲ್ಲಿ 2 ಮೀಟರ್ ಸಾಗಿದರೆ 1 ಮೀಟರ್ ಕೆಳಗಿಳಿಯುತ್ತದೆ. ಶಕ್ತಿಯಿಂದ ಲೆಕ್ಕ ಹಾಕಿದರೆ ವೇಗ ಸೆಕೆಂಡಿಗೆ 3.62 ಮೀಟರ್. ವೇಗೋತ್ಕರ್ಷದಿಂದಲೂ 3.62. ಎರಡು ದಾರಿಯೂ ಒಂದೇ ಕಡೆ ಸೇರಿದಾಗ ಆದ ಖುಷಿ ಇನ್ನೂ ನೆನಪಿದೆ.

ಆಮೇಲೆ ಬಿಲ್ಲೆಯ ಜಾಗದಲ್ಲಿ ಅಷ್ಟೇ ತೂಕದ ಬಳೆ ಇಟ್ಟೆ. ಅದರ ದ್ರವ್ಯವೆಲ್ಲ ಅಂಚಿನಲ್ಲಿದೆ. ತಿರುಗಿಸಲು ಹೆಚ್ಚು ಟಾರ್ಕ್ ಬೇಕು, ನಿಧಾನವಾಗಿಯೇ ಉರುಳಬೇಕು ಎಂದುಕೊಂಡೆ. ಬಿಡಿಸಿ ನೋಡಿದರೆ ವೇಗೋತ್ಕರ್ಷ 2.45, ಬಿಲ್ಲೆಯ 3.27ಕ್ಕಿಂತ ಕಡಿಮೆ. ಲೆಕ್ಕಕ್ಕೆ ಮುಂಚೆಯೇ ಉತ್ತರ ಯಾವ ಕಡೆ ಹೋಗುತ್ತದೆ ಎಂದು ನನಗೆ ಗೊತ್ತಾದದ್ದು ಅದೇ ಮೊದಲು.