ಪೋಷಕ ನಟ ಆಗ್ಬೇಕಾ? ಫೋಟೋಶೂಟ್ ಆಮೇಲೆ ಮಾಡ್ಸಿ

ಅಪ್ಪ, ಇನ್ಸ್‌ಪೆಕ್ಟರ್, ಊರಗೌಡ, ಮೇಷ್ಟ್ರು, ಏನೇ ಕೊಟ್ರೂ ಮಾಡ್ತೀನಿ, ಸಿನಿಮಾ ಸೀರಿಯಲ್ ಎರಡ್ರಲ್ಲೂ ವರ್ಷಗಟ್ಲೆ ಕೆಲಸ ಇರ್ಬೇಕು ಅನ್ನೋರಿಗೆ ಇದು. ಹೀರೋ ಆಗೋ ದಾರಿ ನಂಗೊತ್ತಿಲ್ಲ.

ಮೊದ್ಲು ನಾಟಕ. ಹೆಗ್ಗೋಡಿನ ನೀನಾಸಂ ರಂಗಶಿಕ್ಷಣ ಕೇಂದ್ರ 1980ರಿಂದ ನಡೀತಿದೆ, ಅಚ್ಯುತ್ ಕುಮಾರ್ ಅಲ್ಲಿ ಕಲ್ತೋರು. ಮೈಸೂರಿನ ಸರ್ಕಾರಿ ನಾಟಕ ಸಂಸ್ಥೆ ರಂಗಾಯಣ 1989ರದ್ದು, ನಟ ರಂಗಾಯಣ ರಘು ಅವ್ರ ಹೆಸರಿಗೇ ಅಂಟ್ಕೊಂಡಿದೆ. ಕೆಲಸ ಬಿಟ್ಟು ಹೋಗೋಕಾಗಲ್ವಾ, ಬೆಂಗಳೂರಲ್ಲಿ ಸಂಜೆ ರಿಹರ್ಸಲ್ ಮಾಡೋ ಹವ್ಯಾಸಿ ತಂಡಗಳಿವೆ, ಆಫೀಸ್ ಮುಗಿಸ್ಕೊಂಡು ಹೋಗಿ, ಶುರುನಲ್ಲಿ ಸೆಟ್ ಹೊರೋದೇ ಸಿಗುತ್ತೆ, ಹೊರಿ.

ಆಮೇಲೆ ಭಾಷೆ, ಇದನ್ನ ಯಾರೂ ಸೀರಿಯಸ್ಸಾಗಿ ತಗೊಳ್ಳಲ್ಲ. ಒಂದೇ ಅರ್ಧ ಪುಟದ ಡೈಲಾಗ್ ತಗೊಂಡು ಮಂಡ್ಯ ಕಡೆಯೋರ ಥರ, ಧಾರವಾಡದೋರ ಥರ, ಕುಂದಾಪ್ರದೋರ ಥರ ಹೇಳಿ ರೆಕಾರ್ಡ್ ಮಾಡಿ, ಆಮೇಲೆ ಆ ಊರೋರಿಗೇ ಕೇಳಿಸಿ, ನಕ್ಕರೆ ಇನ್ನೂ ಆಗಿಲ್ಲ ಅಂತ. ಉತ್ತರ ಕರ್ನಾಟಕ ಅಂದ್ರೆ ಜೋರಾಗಿ ಕೂಗೋದು ಅನ್ಕೊಂಡಿರೋ ನಟರು ಬೇಕಾದಷ್ಟಿದ್ದಾರೆ, ನೀವೂ ಸೇರ್ಕೋಬೇಡಿ.

ಡೈಲಾಗ್ ಹೇಳೋದಕ್ಕಿಂತ ಕೇಳಿಸ್ಕೊಳ್ಳೋದು ಕಷ್ಟ. ನಾಗರಹಾವು (1972) ಸೌಂಡ್ ಆಫ್ ಮಾಡಿ ನೋಡಿ, ರಾಮಾಚಾರಿ ಎದುರು ಚಾಮಯ್ಯ ಮೇಷ್ಟ್ರಾಗಿ ಅಶ್ವಥ್ ಸುಮ್ನೆ ನಿಂತಿರೋ ಕಡೆ ಕಣ್ಣು ಏನ್ ಮಾಡ್ತಿದೆ ಅಂತ ಮಾತ್ರ ನೋಡಿ. ಸೀರಿಯಲ್ಲಲ್ಲಂತೂ ಒಬ್ರು ಮಾತಾಡಿದ್ರೆ ಮನೆಯೋರೆಲ್ಲರ ರಿಯಾಕ್ಷನ್ ಕ್ಲೋಸಪ್ಪಲ್ಲಿ ತಗೋತಾರೆ, ಅಲ್ಲೇ ನೀವು ಉಳಿಯೋದು. ಸೀನ್ ಪೇಪರ್ ಅವತ್ತೇ ಕೈಗೆ ಬರಬಹುದು, ಹಿಂದೆ ನಿಂತು ಡೈಲಾಗ್ ಹೇಳ್ಕೊಟ್ಟು ಪ್ರಾಂಪ್ಟ್ ಮಾಡ್ತಾರೆ ನಿಜ, ಆದ್ರೆ ಅದನ್ನೇ ನಂಬ್ಕೊಂಡ್ರೆ ಗಮನ ಎದುರಿಗಿರೋರ ಮೇಲಿರಲ್ಲ, ಕಿವಿ ಮೇಲಿರುತ್ತೆ, ಅದು ಟೀವೀಲಿ ಗೊತ್ತಾಗುತ್ತೆ.

ಈಗ ಮುಖ್ಯವಾದ್ದು. ಒಂದು ಪಾತ್ರ ಹಿಟ್ ಆದ್ರೆ ಅದೇ ಥರದ್ದೇ ಬರುತ್ತೆ. ಭೂತಯ್ಯನ ಮಗ ಅಯ್ಯು (1974) ಆದ್ಮೇಲೆ, ಅದರ ಉಪ್ಪಿನಕಾಯಿ ಸೀನಿಂದಾಗಿ, ಲೋಕನಾಥ್ ಅವ್ರು ಕೊನೇವರೆಗೂ ಜನರಿಗೆ ಉಪ್ಪಿನಕಾಯಿ ಲೋಕನಾಥೇ, ಆದ್ರೂ ಅವ್ರು ನೂರಾರು ಬೇರೆ ಬೇರೆ ಪಾತ್ರ ಮಾಡಿದ್ರು. ಉಮಾಶ್ರೀಯವ್ರನ್ನ ನೋಡಿ, ಸಿನಿಮಾದಲ್ಲಿ ಕಾಮಿಡಿ ಅಂತ ಫಿಕ್ಸ್ ಮಾಡಿದ್ರೂ ನಾಟಕ ಬಿಡ್ಲಿಲ್ಲ, ಒಡಲಾಳ ನಾಟಕದ ಸಾಕವ್ವ ಮಾಡಿದ್ರು, ಮುಂದೆ ಗುಲಾಬಿ ಟಾಕೀಸ್‌ಗೆ ರಾಷ್ಟ್ರಪ್ರಶಸ್ತಿ ಬಂತು, ಈಗಿನ ಮಕ್ಕಳಿಗೆ ಅವ್ರು ಪುಟ್ಟಕ್ಕನ ಮಕ್ಕಳು ಸೀರಿಯಲ್ಲಿನ ಪುಟ್ಟಕ್ಕ. ಪ್ರಕಾಶ್ ರೈ ಕೂಡ ದೂರದರ್ಶನದ ಗುಡ್ಡದ ಭೂತದಂಥ ಸೀರಿಯಲ್‌ನಿಂದ ಬಂದು ತಮಿಳಿನ ಇರುವರ್ ಸಿನಿಮಾಗೆ ಪೋಷಕ ನಟ ಅಂತ ರಾಷ್ಟ್ರಪ್ರಶಸ್ತಿ ತಗೊಂಡೋರು. ಹಾಗಾಗಿ ಅದೇ ಅಳೋ ಅಪ್ಪ ಮೂರನೇ ಸಲ ಬಂದ್ರೆ, ಮನೆ ಬಾಡಿಗೆ ಕಟ್ಟೋಕೆ ಬೇರೆ ದಾರಿ ಇದ್ರೆ, ಬೇಡ ಅನ್ನಿ. ಇಲ್ಲಾಂದ್ರೆ ಒಪ್ಕೊಳ್ಳಿ, ಆದ್ರೆ ನಡಿಗೆನಾದ್ರೂ ಬದಲಾಯಿಸಿ, ಜತೆಗೊಂದು ನಾಟಕದಲ್ಲಿ ಪೂರ್ತಿ ಉಲ್ಟಾ ಪಾತ್ರ ಹಿಡೀರಿ, ಡೈರೆಕ್ಟರ್‌ಗಳು ನಾಟಕ ನೋಡೋಕೆ ಬರ್ತಾರೆ.

ಯಾವ ದಿನ ಯಾವ ಶೂಟಿಂಗ್ ಅನ್ನೋ ಡೇಟ್ಸ್ ಡೈರಿ ನೀವೇ ಇಟ್ಕೊಳ್ಳಿ. ಸೀರಿಯಲ್‌ಗೆ ಗಡ್ಡ ಬೇಕು, ಸಿನಿಮಾದೋರು ತೆಗೀರಿ ಅಂತಾರೆ, ಒಂದು ಸೀನಿಂದ ಇನ್ನೊಂದಕ್ಕೆ ಮುಖ, ವೇಷ ಒಂದೇ ಥರ ಇರ್ಬೇಕು ಅನ್ನೋ ಕಂಟಿನ್ಯೂಟಿ ಹೋದ್ರೆ ಬೈಗುಳ ನಿಮಗೇ, ಅದಕ್ಕೆ ಒಪ್ಕೊಳ್ಳೋಕೆ ಮುಂಚೆನೇ ಇಬ್ರು ಮ್ಯಾನೇಜರ್‌ಗೂ ಇದನ್ನ ವಾಟ್ಸಾಪಲ್ಲಿ ಬರೆದು ಹಾಕಿ.

ಆಡಿಷನ್ ವಿಡಿಯೋಗೆ ಫಿಲ್ಟರ್ ಬೇಡ, ಕಿಟಕಿ ಬೆಳಕು ಸಾಕು, ಹೆಸರು, ವಯಸ್ಸು, ಎತ್ತರ, ಬರೋ ಭಾಷೆ ಹೇಳಿ ಎರಡು ಬೇರೆ ಥರದ ತುಣುಕು ಮಾಡಿ. ದುಡ್ಡಿನ ವಿಷಯ ಶುರುನಲ್ಲೇ ಮಾತಾಡಿ, ಸೀರಿಯಲ್ ಪೇಮೆಂಟ್ ಎಷ್ಟೋ ಕಡೆ ತಡವಾಗೇ ಬರೋದು, ಸಿನಿಮಾ ಬಾಕಿನ ಡಬ್ಬಿಂಗ್‌ಗೆ ಮುಂಚೆ ಕೇಳಿ, ಡಬ್ಬಿಂಗ್ ಮುಗಿದ್ಮೇಲೆ ಫೋನ್ ಎತ್ತೋರು ಕಮ್ಮಿ. ಇನ್ನು ಪಾತ್ರ ಕೊಡಿಸ್ತೀನಿ, ಕಲಾವಿದರ ಸಂಘದ ಕಾರ್ಡ್ ಮಾಡಿಸ್ತೀನಿ, ಇಷ್ಟು ಹಾಕಿ ಅಂತ ಮೆಸೇಜ್ ಬಂದ್ರೆ ಒಂದು ರೂಪಾಯಿನೂ ಕಳಿಸ್ಬೇಡಿ, ನಟನೆ ಮಾಡಿದ್ರೆ ಅವ್ರೇ ನಿಮಗೆ ಕೊಡ್ಬೇಕು.