ಇಲ್ಲದ ಲೋಕಕ್ಕೆ ಸೂರ್ಯನ ಹಾಡು ಕಟ್ಟುವುದು ಹೇಗೆ

ಹಗಲೆಲ್ಲ ತುಮಕೂರಿನಲ್ಲಿ ಜಿಎಸ್‌ಟಿ ಲೆಕ್ಕ ಬರೆಯುವ ನನಗೆ ಭಾನುವಾರ ಸಂಜೆಗೊಂದು ಹುಚ್ಚಿದೆ. ನಾಲ್ಕು ಜನ ಗೆಳೆಯರು ನಮ್ಮ ಜಗುಲಿಗೆ ಬರುತ್ತಾರೆ. ದಾಳ ಉರುಳಿಸುತ್ತಾ, ನಾನು ಕಟ್ಟಿದ ಲೋಕದಲ್ಲಿ ಅಲೆದಾಡುತ್ತಾರೆ. ಇದೊಂದು ಕತೆಯಾಟ: ಅವರು ಒಂದೊಂದು ಪಾತ್ರವಾಗುತ್ತಾರೆ, ಕತೆ ನಾನು ಹೇಳುತ್ತೇನೆ, ಮುಂದೆ ಒಳ್ಳೆಯದೋ ಕೆಟ್ಟದ್ದೋ ಅನ್ನುವುದನ್ನು ದಾಳ ಹೇಳುತ್ತದೆ. ಆ ಲೋಕದಲ್ಲಿ ಉಪ್ಪು ಬೆಳೆಯುವ ಒಂದು ಕಣಿವೆ ಇದೆ. ಅಲ್ಲಿಯವರಿಗೆ ಸೂರ್ಯನೇ ದೇವರು. ದೇವರೆಂದ ಮೇಲೆ ಒಂದು ಹಾಡು ಬೇಕಲ್ವಾ?

ಮೊದಲ ಸಲ ಬರೆದದ್ದು ಹೀಗಿತ್ತು: ಓ ತೇಜೋಮಯ, ಓ ಸಹಸ್ರಕಿರಣ, ಓ ಜಗದ್ರಕ್ಷಕ. ಹೀಗೇ ಹನ್ನೆರಡು ಸಾಲು. ಗಂಭೀರವಾಗಿ ಓದಿದೆ. ಒಬ್ಬ ಕೋಡುಬಳೆ ತಟ್ಟೆಗೆ ಕೈ ಹಾಕಿದ. ಇನ್ನೊಬ್ಬ, ‘ಯಾವ ದೇವಸ್ಥಾನದ ಕರಪತ್ರ ಇದು?’ ಅಂದ. ಅವನು ಹೇಳಿದ್ದು ಸರಿಯಾಗಿಯೇ ಇತ್ತು. ಆ ಸಾಲುಗಳನ್ನು ಯಾವ ಊರಿನ ಯಾವ ಸೂರ್ಯನಿಗೆ ಬೇಕಾದರೂ ಅಂಟಿಸಬಹುದಿತ್ತು.

ಹಾಗಾಗಿ ಹಾಡಿಗೆ ಆಮೇಲೆ ಬನ್ನಿ. ಮೊದಲು ಆ ಊರಿನ ಬಿಸಿಲು ಎಂಥದ್ದು ಅಂತ ನೋಡಿ. ಏಪ್ರಿಲ್‌ ತಿಂಗಳ ನಮ್ಮೂರಲ್ಲಿ ಯಾರೂ ಸೂರ್ಯನನ್ನು ‘ಬಾ’ ಅಂತ ಕರೆಯುವುದಿಲ್ಲ, ನೆರಳು ಹುಡುಕುತ್ತಾರೆ. ನಾರ್ವೆಯ ರ್‍ಯೂಕನ್ ಊರಿನ ಕತೆ ಬೇರೆ. ಅದು ಕಡಿದಾದ ಕಣಿವೆಯಲ್ಲಿದೆ. ವರ್ಷದಲ್ಲಿ ಸುಮಾರು ಆರು ತಿಂಗಳು ಬೆಟ್ಟದ ನೆರಳಿನಿಂದ ಹೊರಗೇ ಬರುವುದಿಲ್ಲ. 2013ರಲ್ಲಿ ಬೆಟ್ಟದ ಮೇಲೆ ಮೂರು ದೊಡ್ಡ ಕನ್ನಡಿ ನಿಲ್ಲಿಸಿ, ಊರಿನ ಚೌಕಕ್ಕೆ ಬಿಸಿಲು ಇಳಿಸಿದರು. ಇದನ್ನು ಓದಿದ ದಿನವೇ ನನ್ನ ಕಣಿವೆಯ ತೆಂಕಣಕ್ಕೆ ಒಂದು ಬೆಟ್ಟ ಎದ್ದಿತು. ಚಳಿಗಾಲದಲ್ಲಿ ನಲವತ್ತು ದಿನ ಅಲ್ಲಿ ಬಿಸಿಲಿಲ್ಲ. ಬಿಸಿಲಿಲ್ಲದೆ ಉಪ್ಪು ಒಣಗುವುದಿಲ್ಲ. ಉಪ್ಪಿಲ್ಲದೆ ಕಾಳು ಕೊಳ್ಳಲು ಏನೂ ಇಲ್ಲ. ಈಗ ಆ ಜನಕ್ಕೆ ಸೂರ್ಯನ ಹತ್ತಿರ ಕೇಳಲು ಒಂದು ವಿಷಯ ಸಿಕ್ಕಿತು.

ಎರಡನೆಯದು, ಹಾಡಿಗೆ ಒಂದು ಕೆಲಸ ಕೊಡಿ. ಹಾಡುವಾಗ ಏನು ನಡೆಯುತ್ತಿದೆ? ಕೈಯಲ್ಲಿ ಏನಿದೆ? ಬೆಂಗಳೂರಿನ ಗವಿ ಗಂಗಾಧರೇಶ್ವರದಲ್ಲಿ ಸಂಕ್ರಾಂತಿಯ ಸಂಜೆ ಬಿಸಿಲು ನಂದಿಯ ಕೊಂಬುಗಳ ನಡುವೆ ಹಾದು ಲಿಂಗದ ಮೇಲೆ ಬೀಳುತ್ತದೆ. ಜನ ಅದಕ್ಕಾಗಿಯೇ ಕಾದು ನಿಂತಿರುತ್ತಾರೆ. ರಥಸಪ್ತಮಿಗೆ ನಮ್ಮಜ್ಜಿ ನನ್ನ ತಲೆ, ಭುಜದ ಮೇಲೆಲ್ಲ ಏಳು ಎಕ್ಕದ ಎಲೆ ಇಟ್ಟು ನೀರು ಸುರಿಯುತ್ತಿದ್ದರು. ಮಂತ್ರ ಒಂದಕ್ಷರವೂ ನೆನಪಿಲ್ಲ. ಎಲೆ ಜಾರಿ ಬೀಳುತ್ತಿದ್ದದ್ದು ಚೆನ್ನಾಗಿ ನೆನಪಿದೆ. ಅದಕ್ಕೇ ಕಣಿವೆಯವರ ಕೈಗೆ ಒಂದೊಂದು ಉಪ್ಪಿನ ಹರಳು ಕೊಟ್ಟೆ. ನಲವತ್ತೊಂದನೇ ದಿನ ಸೂರ್ಯನ ಅಂಚು ಕಂಡ ಕೂಡಲೇ ಹರಳು ಎತ್ತಿ ಹಿಡಿಯಬೇಕು, ಪೂರ್ತಿ ದುಂಡಗೆ ಆಗುವವರೆಗೆ ಇಳಿಸಬಾರದು. ನಮ್ಮ ಕಡೆ ಬಯಲಲ್ಲಿ ಅದಕ್ಕೆ ಎರಡು ನಿಮಿಷ, ಸ್ವಲ್ಪ ಜಾಸ್ತಿ ಹಿಡಿಯುತ್ತದೆ. ತಾರಸಿ ಮೇಲೆ ಗಡಿಯಾರ ಹಿಡಿದು ನಿಂತು ನೋಡಿದ್ದೇನೆ. ಎತ್ತಿದ ಕೈ ಒಂದೂವರೆ ನಿಮಿಷಕ್ಕೇ ನಡುಗಲು ಶುರುವಾಗುತ್ತದೆ. ಅಂದರೆ ಉದ್ದ ಹಾಡು ಬೇಡ. ನಾಲ್ಕು ಸಾಲು ಸಾಕು, ಆರೇಳು ಸಲ ಸುತ್ತಿ ಹಾಡಲಿ. ಗಾಯತ್ರಿ ಮಂತ್ರವೂ ಎಂಟೆಂಟು ಅಕ್ಷರದ ಮೂರೇ ಪಾದ, ಅಲ್ವಾ?

ಇನ್ನು ಪದ. ಇಲ್ಲಿ ಕನ್ನಡ ನಮಗೆ ಪುಕ್ಕಟೆ ಒಂದು ನಿಧಿ ಕೊಟ್ಟಿದೆ: ಹೊತ್ತು. ಹೊತ್ತು ಅಂದರೆ ಸೂರ್ಯ, ಹೊತ್ತು ಅಂದರೆ ಕಾಲ. ಒಲೆ ಹೊತ್ತುವುದೂ ಅದೇ, ಮೂಟೆ ಹೊತ್ತು ತರುವುದೂ ಅದೇ. ಸಹಸ್ರಕಿರಣನನ್ನು ಮನೆಗೆ ಕಳಿಸಿ, ಹೊತ್ತನ್ನು ಕರೆದೆ.

ಲಯಕ್ಕೆ ನಾಲ್ಕು ಮಾತ್ರೆಯ ಗಣ ಹಿಡಿಯಿರಿ, ಸಾಲಿಗೆ ನಾಲ್ಕು. ತೊಡೆ ತಟ್ಟಿದರೆ ತಾನಾಗಿ ಬರುತ್ತದೆ. ಎರಡನೇ ಅಕ್ಷರಕ್ಕೆ ಪ್ರಾಸ ಇಡಿ. ಕಂಠಪಾಠಕ್ಕೆ ಅದರಷ್ಟು ಒಳ್ಳೆಯ ಗೂಟ ಬೇರೆ ಇಲ್ಲ. ನನ್ನದು ಹೀಗಾಯಿತು:

ಹೊತ್ತೇ ಬಾರೋ, ಬೆಟ್ಟವ ಹತ್ತು
ಕತ್ತಲೆ ಕಳೆದೆವು ದಿನ ನಲವತ್ತು
ಎತ್ತಿದ ಕೈಯಲಿ ಉಪ್ಪಿನ ಹರಳು
ನೆತ್ತಿಗೆ ನಿನ್ನದು ಒಂದೇ ಬೆರಳು

ಕೊನೆಯ ಸಾಲಿಗೆ ಮೂರು ಭಾನುವಾರ ಹೋಯಿತು. ಮೊದಲು ‘ಎತ್ತಲು ನೋಡಲು ನಿನ್ನದೆ ಬೆಳಕು’ ಅಂತಿತ್ತು. ಮತ್ತದೇ ಕರಪತ್ರ. ದೊಡ್ಡದನ್ನು ಹೊಗಳುವ ಬದಲು ಚಿಕ್ಕದನ್ನು ಬೇಡಿದಾಗ ಹಾಡಿಗೆ ಜೀವ ಬಂತು. ಸುಮಾರು 3,300 ವರ್ಷದ ಹಿಂದೆ ಈಜಿಪ್ಟಿನ ಅಮರ್ನಾದ ಗೋರಿಯೊಂದರ ಗೋಡೆಯಲ್ಲಿ ಕೆತ್ತಿದ ಅತೆನ್ ಎಂಬ ಸೂರ್ಯದೇವರ ಸ್ತುತಿಯಲ್ಲೂ ನನ್ನನ್ನು ಹಿಡಿದು ನಿಲ್ಲಿಸುವುದು ಲೋಕಪಾಲನೆಯ ಮಾತಲ್ಲ. ಮೊಟ್ಟೆಯೊಳಗೇ ಚಿಂವ್‌ಗುಡುವ ಕೋಳಿಮರಿಗೆ ಅವನು ಉಸಿರು ಕೊಡುತ್ತಾನೆ ಅನ್ನುವ ಮಾತು.

ಹಾಡು ಹಳೆಯದು ಅನ್ನಿಸಬೇಕಾದರೆ ಅದನ್ನು ಸ್ವಲ್ಪ ಸವೆಸಬೇಕು. ಪ್ರತಿ ಸುತ್ತಿನ ಕೊನೆಗೆ ಎಲ್ಲರೂ ‘ಕೂವಾಲೋ’ ಅನ್ನುತ್ತಾರೆ. ಅದೇನೆಂದು ಕಣಿವೆಯ ಪೂಜಾರಿಗೂ ಗೊತ್ತಿಲ್ಲ. ನನಗೆ ಮಾತ್ರ ಗೊತ್ತು, ಹೇಳುವುದಿಲ್ಲ. ಆಮೇಲೆ ಮಕ್ಕಳಿಗೆ ಒಂದು ತರಲೆ ಪಾಠಾಂತರ ಮಾಡಿ ಕೊಡಿ. ಮಕ್ಕಳು ಕೆಡಿಸದ ಪ್ರಾರ್ಥನೆ ಎಲ್ಲಾದರೂ ಇದೆಯೇ? ನಮ್ಮ ಕಣಿವೆಯ ಹುಡುಗರು ಹಾಡುವುದು, ‘ಹೊತ್ತೇ ಬಾರೋ, ರೊಟ್ಟಿಯ ಹೊತ್ತು’.

ಎಲ್ಲ ಆದ ಮೇಲೆ ಕಾಗದ ಬದಿಗಿಟ್ಟು, ಎದ್ದು ನಿಂತು, ಕೈ ಎತ್ತಿ ಏಳು ಸಲ ಹಾಡಿ. ನಾಲಿಗೆ ತೊಡರಿದ ಜಾಗ ತಿದ್ದಿ. ಮನೆಯವರು ನಕ್ಕರೆ ನಗಲಿ.

ಹೋದ ಭಾನುವಾರ ಆಟದಲ್ಲಿ ನಲವತ್ತೊಂದನೇ ದಿನ ಬಂತು. ನಾಲ್ವರೂ ಎದ್ದು ನಿಂತರು. ಹರಳಿಲ್ಲ, ಅಡುಗೆಮನೆಯ ಕಲ್ಲುಪ್ಪೇ ಗತಿ. ಐದನೇ ಸುತ್ತಿನಲ್ಲಿ ಕೋಡುಬಳೆಯ ಆಸಾಮಿ ಬಾಯಿ ತಪ್ಪಿ ರೊಟ್ಟಿ ಅಂದುಬಿಟ್ಟ. ಪೂಜಾರಿ ತಿರುಗಿ ನೋಡಿದ. ನಾನು ದಾಳ ಉರುಳಿಸಿದೆ. ಎರಡು ಬಿತ್ತು. ಬೆಟ್ಟದ ಮೇಲೆ ಮೋಡ ಕವಿಯಿತು.